ಎಡಕಲ್ಲು ಗುಡ್ಡದ ಮೇಲೆ ನಮ್ಮ ಜಯಂತಿ

ನಮ್ಮ ಆದೋನಿ, ಆಲೂರು ತಾಲೂಕುಗಳು 1953ರ ಅಕ್ಟೋಬರ್ 1ರವರೆಗೆ ಬಳ್ಳಾರಿ ಜಿಲ್ಲೆಯಲ್ಲೇ ಇದ್ದವು. ಆಂಧ್ರ ರಾಜ್ಯ ಆದಾಗ ಕರ್ನೂಲಿಗೆ ಸೇರಿದೆವು. ಅದಕ್ಕೂ ಎಂಟು ವರ್ಷ ಮೊದಲು, 1945ರಲ್ಲಿ, ಬಳ್ಳಾರಿಯಲ್ಲಿ ಹುಟ್ಟಿದ ಕಮಲಾಕುಮಾರಿಯೇ ಮುಂದೆ ನಟಿ ಜಯಂತಿ ಆದರು. ಆಕೆ ನಮ್ಮ ಜಿಲ್ಲೆಯವರೇ ಅಂತ ನಾನು ಹೇಳ್ತೇನೆ. ಜಗಳಕ್ಕೆ ಬರೋರು ಬರಲಿ.

ಗಂಡ ಹೆಂಡ್ತಿ ನಡುವಿನ ಮಾತು ತೆರೆಯ ಮೇಲೆ ನಮ್ಮೂರ ಕಡೆ ಬಂದದ್ದು ಮೊದಲು ಸರ್ಕಾರದ ಚಿತ್ರಗಳಿಂದ. 1948ರಲ್ಲಿ ಫಿಲ್ಮ್ಸ್ ಡಿವಿಜನ್ ಶುರುವಾಯ್ತು. ಆಟಕ್ಕೆ ಮುಂಚೆ ಅವರ ರೀಲು ತೋರಿಸಲೇಬೇಕಿತ್ತು. ಕೆಂಪು ತ್ರಿಕೋನ, ನಗುವ ಅಪ್ಪ ಅಮ್ಮ, ಎರಡು ಮಕ್ಕಳು. 1968ರಲ್ಲಿ ನಿರೋಧ್ ಬಂತು, 15 ಪೈಸೆಗೆ ಮೂರು. ಈ ರೀಲು ಶುರುವಾದರೆ ಗಂಡಸರು ಬೀಡಿಗೆ ಎದ್ದು ಹೋಗೋರು. ಅವು ಬೇಕಾದ ಪಾಠವೇ, ಅಲ್ಲ ಅನ್ನಲ್ಲ. ಆದರೆ ಅಲ್ಲಿ ಹೆಣ್ಣು ಅಂದರೆ ಹೆರುವವಳು, ಅಷ್ಟೆ. ಅವಳಿಗೂ ಆಸೆ ಇರುತ್ತೆ ಅನ್ನೋ ಮಾತೇ ಇಲ್ಲ.

ಆ ಮಾತನ್ನ ಜಯಂತಿ ಆಡಿದರು. 1965ರ 'ಮಿಸ್ ಲೀಲಾವತಿ'ಯಲ್ಲಿ ಈಜುಡುಗೆ ತೊಟ್ಟಾಗಲೇ ಮಂದಿ ಹುಬ್ಬೇರಿಸಿದ್ದರು. ಉಡುಪಿನ ಗಲಾಟೆ ಬಿಡಿ, ಅದು ದೊಡ್ಡದಲ್ಲ. ದೊಡ್ಡದು 1973ರ 'ಎಡಕಲ್ಲು ಗುಡ್ಡದ ಮೇಲೆ'. ಭಾರತೀಸುತರ ಕಾದಂಬರಿ, ಪುಟ್ಟಣ್ಣ ಕಣಗಾಲರ ನಿರ್ದೇಶನ. ಮಾಧವಿಯ ಗಂಡ ಮಿಲಿಟರಿಯವನು. ಯುದ್ಧದಲ್ಲಿ ಪೆಟ್ಟಾಗಿ ಗಂಡಸುತನ ಕಳಕೊಂಡವನು. ಅವನು ಕೆಟ್ಟವನಲ್ಲ, ಇವಳೂ ಕೆಟ್ಟವಳಲ್ಲ. ಆದರೂ ಒಬ್ಬ ಹರೆಯದ ಹುಡುಗನ ಕಡೆ ಅವಳ ಮನಸ್ಸು ಹರಿಯುತ್ತೆ. ಅಂಥ ಪಾತ್ರವನ್ನ ಆಗಿನ ಸಿನಿಮಾದಲ್ಲಿ ಸಾಮಾನ್ಯವಾಗಿ ಬಜಾರಿಯಾಗಿ ತೋರಿಸೋರು. ಜಯಂತಿ ಹಾಗೆ ಮಾಡಲಿಲ್ಲ. ಹಸಿವು, ನಾಚಿಕೆ, ಗಂಡನ ಮೇಲಿನ ಮರುಕ ಮೂರನ್ನೂ ಒಂದೇ ಮುಖದಲ್ಲಿ ತಂದರು. ಕರ್ನಾಟಕ ಸರ್ಕಾರ ಶ್ರೇಷ್ಠ ನಟಿ ಪ್ರಶಸ್ತಿ ಕೊಟ್ಟಿತು.

ಇದನ್ನ ಹೆಣ್ಮಕ್ಕಳು ನೋಡಬಾರದು ಅಂತ ನಮ್ಮ ಮನೆಯಲ್ಲಿ ಹಿರಿಯರು ಹೇಳಿದ್ದರು. ನಮ್ಮ ದೊಡ್ಡಮ್ಮ ಬಳ್ಳಾರಿಗೆ ಹೋದಾಗ ನೋಡಿಯೇ ಬಂದಳು. "ಆಕಿದೇನು ತಪ್ಪಪ್ಪಾ, ಆಕಿಗೂ ಮೈ ಐತಲ್ಲ" ಅಂದಳು. ಅವಳು ಹನ್ನೆರಡಕ್ಕೆ ಮದುವೆಯಾದವಳು. ಆ ವಿಷಯದಲ್ಲಿ ಅವಳ ಬಾಯಿಂದ ನಾನು ಕೇಳಿದ್ದು ಅದೊಂದೇ ಮಾತು.

ಇವತ್ತಿಗೂ ಹತ್ತನೇ ತರಗತಿಯ ಸಂತಾನೋತ್ಪತ್ತಿ ಪಾಠ ಬಂದರೆ "ಮನೇಲಿ ಓದ್ಕೊಳ್ರಿ" ಅನ್ನೋ ಮೇಷ್ಟ್ರು ಇದ್ದಾರೆ. ಮನೆಯಲ್ಲಿ ಯಾರು ಹೇಳಿಕೊಡ್ತಾರೆ? ಅದೇ ಹುಡುಗಿಗೆ ಮರುವರ್ಷ ತಾಳಿ ಬೀಳೋದೂ ಉಂಟು.

1985ರಲ್ಲಿ ತೆರೆಕಂಡ ಪುಟ್ಟಣ್ಣನವರ ಕೊನೆಯ ಚಿತ್ರ 'ಮಸಣದ ಹೂವು' ಮೈಮಾರಿ ಬದುಕುವ ಹೆಂಗಸರ ಕಥೆ. ಅದರಲ್ಲೂ ಜಯಂತಿ ಇದ್ದರು. ನಮ್ಮ ತೆಲುಗು ಮಂದಿಗೆ ಅವರು 'ಕೊಂಡವೀಟಿ ಸಿಂಹಂ'ನಲ್ಲಿ ಎನ್‌ಟಿಆರ್ ಹೆಂಡ್ತಿ. 2021ರ ಜುಲೈ 26ರಂದು ಬೆಂಗಳೂರಿನಲ್ಲಿ ತೀರಿಕೊಂಡರು. ಆ ಹೊತ್ತಿಗೆ ದೊಡ್ಡಮ್ಮ ಇರಲಿಲ್ಲ.