ಟೊರಾಂಟೊದ ಪಂಜಾಬಿ ಹಾಕಿ ನಿರೂಪಣೆ: ಒಂದು ವೃತ್ತಿಜೀವನದ ಹಿನ್ನೆಲೆ

ಟೊರಾಂಟೊ ಮಹಾನಗರ ಪ್ರದೇಶದಲ್ಲಿ ಇಂಗ್ಲಿಷ್, ಫ್ರೆಂಚ್ ಎಂಬ ಅಧಿಕೃತ ಭಾಷೆಗಳೆರಡನ್ನು ಬಿಟ್ಟು ಬೇರೊಂದು ನುಡಿಯಲ್ಲಿ ದೂರದರ್ಶನ ನಿರೂಪಣೆಯನ್ನು ವೃತ್ತಿಯಾಗಿ ಕೈಕೊಂಡವರ ಚರಿತ್ರೆಯನ್ನು ಪರಿಶೀಲಿಸಿದಲ್ಲಿ, ಅವರ ಏಳುಬೀಳುಗಳನ್ನು ನಿರ್ಣಯಿಸಿದುದು ವಾಕ್ಪಾಟವಕ್ಕಿಂತ ಮಿಗಿಲಾಗಿ ಪರವಾನಗಿಯ ನಿಬಂಧನೆ, ಪ್ರಸಾರದ ಹಕ್ಕು ಮತ್ತು ಪ್ರಾಯೋಜಕರ ದ್ರವ್ಯ ಎಂಬುದು ವಿಶದವಾಗುತ್ತದೆ. ಐಸ್ ಹಾಕಿ ಪಂದ್ಯಗಳನ್ನು ಪಂಜಾಬಿಯಲ್ಲಿ ವರ್ಣಿಸಿದ ಹರ್‌ನಾರಾಯಣ್ ಸಿಂಗ್ ಅವರ ವೃತ್ತಿಜೀವನ ಇದಕ್ಕೆ ಉತ್ತಮ ನಿದರ್ಶನ.

ಕೆನಡಾದ ಪ್ರಧಾನಿ ಪಿಯರ್ ಟ್ರೂಡೊ ಬಹುಸಂಸ್ಕೃತಿ ನೀತಿಯನ್ನು ಸಂಸತ್ತಿನಲ್ಲಿ ಸಾರಿದುದು 1971ರ ಅಕ್ಟೋಬರಿನಲ್ಲಿ. ಎಂಟು ವರ್ಷಗಳ ತರುವಾಯ, 1979ರ ಸೆಪ್ಟೆಂಬರ್ 3ರಂದು, ಇಟಾಲಿಯನ್ ಪತ್ರಿಕೆಯೊಂದರ ಸ್ಥಾಪಕರಾದ ಡ್ಯಾನ್ ಯನೂಟ್ಸಿ ಟೊರಾಂಟೊದಲ್ಲಿ ಸಿ.ಎಫ್.ಎಂ.ಟಿ. ಎಂಬ ಬಹುಭಾಷಾ ವಾಹಿನಿಯನ್ನು ಆರಂಭಿಸಿದರು. ಹಲವು ಭಾಷೆಗಳು ಒಂದೇ ತೆರೆಯನ್ನು ಗಂಟೆಗಳ ಲೆಕ್ಕದಲ್ಲಿ ಹಂಚಿಕೊಳ್ಳಬೇಕಾದ ವ್ಯವಸ್ಥೆಯದು. 1986ರಲ್ಲಿ ರಾಜರ್ಸ್ ಸಂಸ್ಥೆಯ ವಶಕ್ಕೆ ಬಂದ ಆ ವಾಹಿನಿಯೇ 2002ರಲ್ಲಿ ಓಮ್ನಿ ಎಂಬ ಅಭಿಧಾನವನ್ನು ಪಡೆಯಿತು.

ಆಲ್ಬರ್ಟಾ ಪ್ರಾಂತದ ಬ್ರೂಕ್ಸ್ ಎಂಬ ಸಣ್ಣ ಊರಿನಲ್ಲಿ ಜನಿಸಿದ ಸಿಂಗ್ ಅವರಿಗೆ ಅವಕಾಶ ಮೊದಲು ದೊರೆತುದು ಮಾತ್ರ ಓಮ್ನಿಯಲ್ಲಲ್ಲ, ಬೇರೊಂದೆಡೆ. 2008ರಲ್ಲಿ ಸಾರ್ವಜನಿಕ ಪ್ರಸಾರ ಸಂಸ್ಥೆಯಾದ ಸಿ.ಬಿ.ಸಿ.ಯು ‘ಹಾಕಿ ನೈಟ್ ಇನ್ ಕೆನಡಾ’ ಕಾರ್ಯಕ್ರಮವನ್ನು ಪಂಜಾಬಿಯಲ್ಲಿಯೂ ಪ್ರಸಾರ ಮಾಡತೊಡಗಿದಾಗ, ಕ್ಯಾಲ್ಗರಿಯಲ್ಲಿ ವಾಸವಾಗಿದ್ದ ಅವರು ವಾರಾಂತ್ಯಗಳಲ್ಲಿ ಸ್ವಂತ ಖರ್ಚಿನಲ್ಲಿ ವಿಮಾನವೇರಿ ಟೊರಾಂಟೊಗೆ ಬಂದು, ಪರ್ಮಿಂದರ್ ಸಿಂಗ್ ಅವರೊಡನೆ ಪಂದ್ಯವನ್ನು ವರ್ಣಿಸಿ ಮರಳುತ್ತಿದ್ದರು. ಇದೇ ನಗರದ ಮೇಪಲ್ ಲೀಫ್ ಗಾರ್ಡನ್ಸ್ ಕ್ರೀಡಾಂಗಣದಲ್ಲಿ ಹಿಮದ ಅಂಗಣಕ್ಕಿಂತ ಎತ್ತರದಲ್ಲಿ ತೂಗುಹಾಕಿದ ಕಿರುಕೊಠಡಿಯಲ್ಲಿ ಕುಳಿತು ಫಾಸ್ಟರ್ ಹೆವಿಟ್ ಇಂಗ್ಲಿಷ್ ವಿವರಣೆಯ ಸಂಪ್ರದಾಯವನ್ನು ಕಟ್ಟಿದ್ದರು; ಪಂಜಾಬಿ ವಿವರಣೆಕಾರರಿಗಾದರೋ ದೊರೆತುದು ಸ್ಟುಡಿಯೋದ ಪರದೆಯಷ್ಟೆ. ಹಿಮದ ಮೇಲೆ ಕ್ಷಿಪ್ರವಾಗಿ ಜಾರುವ, ಚೆಂಡಿನ ಬದಲಿನ ಚಪ್ಪಟೆಯ ಬಿಲ್ಲೆಯನ್ನು ಕ್ಯಾಮೆರಾ ತೋರಿಸಿದಷ್ಟೇ ಕಂಡು ಅವಿಚ್ಛಿನ್ನವಾಗಿ ವರ್ಣಿಸುವ ಈ ಶ್ರಮವನ್ನು ನಾನು ಹೆವಿಟ್ ಅವರ ಸಾಧನೆಗಿಂತ ಕಿರಿದೆಂದು ಎಣಿಸಲಾರೆ. ಪ್ರಾಯೋಜಕರ ಅಭಾವದಿಂದ ಪ್ರಸಾರವು ನಿಲ್ಲುವ ಸ್ಥಿತಿ ಒದಗಿದಾಗ ಅದನ್ನು ಉಳಿಸಿದುದು ವೀಕ್ಷಕರ ಒತ್ತಾಯ.

ಹಾಕಿಯ ರಾಷ್ಟ್ರೀಯ ಪ್ರಸಾರ ಹಕ್ಕು ರಾಜರ್ಸ್ ಸಂಸ್ಥೆಯ ಪಾಲಾದುದರಿಂದ 2014ರಲ್ಲಿ ಪಂಜಾಬಿ ವಿವರಣೆಯೂ ಓಮ್ನಿಗೆ ವರ್ಗಾವಣೆಗೊಂಡಿತು. 2016ರ ಮೇ 30ರಂದು ಸ್ಟ್ಯಾನ್ಲಿ ಕಪ್ ಅಂತಿಮ ಸರಣಿಯ ಮೊದಲ ಪಂದ್ಯದಲ್ಲಿ ಪಿಟ್ಸ್‌ಬರ್ಗ್ ತಂಡದ ನಿಕ್ ಬೊನೀನೊ ಗೋಲು ಹೊಡೆದಾಗ, ಆ ಆಟಗಾರನ ಹೆಸರನ್ನೇ ಮತ್ತೆ ಮತ್ತೆ ಕೂಗಿದ ಸಿಂಗ್ ಅವರ ಧ್ವನಿ ಪಂಜಾಬಿ ಅರಿಯದವರನ್ನೂ ಆಕರ್ಷಿಸಿತು. ಕಪ್ ಗೆದ್ದ ಆ ತಂಡದ ವಿಜಯೋತ್ಸವಕ್ಕೆ ವಿವರಣೆಕಾರರಿಗೂ ಆಹ್ವಾನ ಬಂದಿತು. 2021ರ ಜನವರಿಯಲ್ಲಿ ಅವರು ಇಂಗ್ಲಿಷ್ ರಾಷ್ಟ್ರೀಯ ಪ್ರಸಾರದಲ್ಲಿಯೂ ಪಂದ್ಯವನ್ನು ವಿವರಿಸಿದರು. ಆ ಒಂದು ಕೂಗಿನ ಕೀರ್ತಿಯಲ್ಲಿ ಅದಕ್ಕೆ ಹಿಂದಿನ ಎಂಟು ವರ್ಷಗಳ ತಪಸ್ಸು ಮರೆಯಾಗತಕ್ಕದ್ದಲ್ಲ.

ಹಾಕಿ ವಿವರಣೆ ಮುಂದುವರಿಯುತ್ತಿದ್ದ ಅದೇ ಓಮ್ನಿಯಲ್ಲಿ, 2015ರ ಮೇ ತಿಂಗಳಲ್ಲಿ, ಪಂಜಾಬಿಯೂ ಸೇರಿದಂತೆ ಪರಭಾಷಾ ಸ್ಥಳೀಯ ವಾರ್ತೆಗಳು ರದ್ದಾಗಿ ವಾರ್ತಾವಾಚಕರು ತೆರೆಯಿಂದ ಮರೆಯಾದರು. ಅವರಲ್ಲಿ ಸಾಮರ್ಥ್ಯದ ನ್ಯೂನತೆಯಿತ್ತೆಂದು ಯಾರೂ ಹೇಳಲಾರರು. ಕೆನಡಾದ ಪ್ರಸಾರ ನಿಯಂತ್ರಣ ಆಯೋಗದ ಹೊಸ ಪರವಾನಗಿಯು 2017ರ ಸೆಪ್ಟೆಂಬರಿನಿಂದ ಇಟಾಲಿಯನ್, ಪಂಜಾಬಿ, ಮ್ಯಾಂಡರಿನ್, ಕ್ಯಾಂಟೊನೀಸ್ ಭಾಷೆಗಳ ದೈನಂದಿನ ವಾರ್ತೆಯನ್ನು ಕಡ್ಡಾಯಗೊಳಿಸಿದ ಮೇಲೆಯೇ ಆ ಪೀಠಗಳು ಪುನಃ ತುಂಬಿದುವು.