ಬೀಳಗಿಯ ಅಮೀರಬಾಯಿ

ನಮ್ಮವ್ವ ಬನಹಟ್ಟಿಯ ನೇಕಾರರ ಮನೆಯ ಮಗಳು. ಮಗ್ಗದ ಸಪ್ಪಳದಲ್ಲೂ ಅವಳಿಗೆ ರೇಡಿಯೋ ಬೇಕು. ಹಳೆಯ ಹಾಡೊಂದು ಬಂತೆಂದರೆ, "ಈಕಿ ನಮ್ಮ ಬೀಳಗಿ ಅಮೀರಬಾಯಿ" ಎಂದು ಊರವರಿಗೆಲ್ಲ ಕೇಳುವಂತೆ ಹೇಳುವಳು. ಅದೇ ಅವ್ವ, ಸಾಲಿಯ ಗ್ಯಾದರಿಂಗಿನ ನಾಟಕದಲ್ಲಿ ಪಾತ್ರ ಮಾಡುತ್ತೇನೆ ಎಂದಾಗ, "ಹಾಡೂದಿದ್ರ ಹಾಡು, ಬಣ್ಣ ಹಚ್ಚೂದು ಬ್ಯಾಡ" ಎಂದುಬಿಟ್ಟಳು.

ಅಮೀರಬಾಯಿ ಕರ್ನಾಟಕಿ ಮುಂಬಯಿಗೆ ಹೋದದ್ದು ಬರೀ ಹಾಡಲಿಕ್ಕಲ್ಲ, ಬಣ್ಣ ಹಚ್ಚಲಿಕ್ಕೂ ಹೌದು. ಅಕ್ಕ ಗೋಹರಬಾಯಿ ಬಾಲಗಂಧರ್ವರ ನಾಟಕಗಳಲ್ಲಿ ಹೆಸರಾದವರು. 1934ರ 'ವಿಷ್ಣುಭಕ್ತಿ'ಯಿಂದ ತಂಗಿಯ ಸಿನಿಮಾ ಜೀವನ ಆರಂಭವಾಯಿತು. ನಟಿಸುವವರೇ ಹಾಡುತ್ತಿದ್ದ ಕಾಲ ಅದು. ಮುಂದೆ ಹಿನ್ನೆಲೆ ಗಾಯನ ಬಂದು ದನಿ ಒಬ್ಬರದು, ಮುಖ ಮತ್ತೊಬ್ಬರದು ಆಯಿತು. 1943ರ 'ಕಿಸ್ಮತ್'ನಲ್ಲಿ ಅನಿಲ್ ಬಿಸ್ವಾಸರ ರಾಗಕ್ಕೆ ಹಾಡಿದ ಅಮೀರಬಾಯಿ ಮನೆಮಾತಾದರು. ಆ ಚಿತ್ರ ಕಲಕತ್ತೆಯ ಒಂದೇ ಟಾಕೀಸಿನಲ್ಲಿ ಮೂರು ವರ್ಷಕ್ಕೂ ಮೇಲೆ ಓಡಿತು. ಮರುವರ್ಷ 'ರತನ್', 1947ರಲ್ಲಿ 'ಶಹನಾಯಿ'. 1948ರಲ್ಲಿ 'ಶಹನಾಜ್' ಚಿತ್ರಕ್ಕೆ ತಾವೇ ಸಂಗೀತ ಕೊಟ್ಟರು.

ನಾವು ಹೇಳಿಕೊಳ್ಳುವ ಕಥೆ ಇಲ್ಲಿಗೆ ನಿಲ್ಲುತ್ತದೆ. ಲತಾ ಬಂದರು, ಅಮೀರಬಾಯಿ ಹಿಂದೆ ಸರಿದರು ಎಂದು ಪುಸ್ತಕ ಮುಚ್ಚುತ್ತೇವೆ. ಆದರೆ ಅವರು ಮನೆಗೆ ಮರಳಲಿಲ್ಲ. ಹಾಡು ಕಡಿಮೆಯಾದ ಮೇಲೆ ಪೋಷಕ ಪಾತ್ರ ಮಾಡುತ್ತ ದುಡಿದರು. ನಾಯಕಿಯಲ್ಲ, ಹಾಡಿಲ್ಲ, ಬಂದು ನಾಲ್ಕು ಮಾತಾಡಿ ಹೋಗುವುದು. ಒಂದು ಕಾಲಕ್ಕೆ ದೇಶವೇ ಕಿವಿಗೊಟ್ಟ ಹೆಂಗಸಿಗೆ ಅದು ಸುಲಭವಾಗಿತ್ತೆಂದು ನನಗನಿಸುವುದಿಲ್ಲ.

ಹೊಸ ಸರಕಾರ ಕಲೆಯನ್ನು ಕೈಬಿಟ್ಟಿತ್ತೆಂದಲ್ಲ. 1953ರಲ್ಲಿ ಸಂಗೀತ ನಾಟಕ ಅಕಾಡೆಮಿ ಬಂತು. 1955ರಲ್ಲಿ ಆವಡಿಯಲ್ಲಿ ಕಾಂಗ್ರೆಸ್ಸು ಸಮಾಜವಾದಿ ಮಾದರಿಯ ಸಮಾಜ ಕಟ್ಟುವ ಮಾತಾಡಿತು. ಆದರೆ ಸಿನಿಮಾದವರ ಮೇಲೆ ಮನರಂಜನೆ ತೆರಿಗೆ ಬಿತ್ತೇ ಹೊರತು ಆಸರೆ ಬರಲಿಲ್ಲ. 1952ರಲ್ಲಿ ಮಂತ್ರಿಯಾದ ಕೇಸ್ಕರರು ಆಕಾಶವಾಣಿಯಿಂದ ಸಿನಿಮಾ ಹಾಡನ್ನೇ ಹೊರಗಿಟ್ಟರು. 1957ರಲ್ಲಿ ವಿವಿಧ ಭಾರತಿ ಬರುವವರೆಗೆ ಜನ ಸಿಲೋನ್ ರೇಡಿಯೋಕ್ಕೆ ಕಿವಿ ಹಚ್ಚಿ ಕೂತರು. ಅದೇ ಕಾಲದ ಸೋವಿಯತ್ ದೇಶದಲ್ಲಿ, ಪೂರ್ವ ಜರ್ಮನಿಯಲ್ಲಿ ಸಣ್ಣ ಪಾತ್ರದ ನಟರಿಗೂ ಸರಕಾರಿ ರಂಗಮಂದಿರದ ಪಗಾರ ಇರುತ್ತಿತ್ತು. ಸರಕಾರಕ್ಕೆ ಸೇರದ ಮಾತಾಡಿದರೆ ಪಾತ್ರ ಹೋಗುತ್ತಿತ್ತು, ಆ ಮಾತು ಬೇರೆ. ನಮ್ಮ ಮುಂಬಯಿಯಲ್ಲಿ ಚಿತ್ರ ಸಿಕ್ಕರೆ ಊಟ. ತಿಂಗಳಾದರೆ ಪಗಾರ ಕಂಡ ಮಾಸ್ತರಳಾದ ನನಗೆ ಅದು ಊಹೆಗೆ ನಿಲುಕದ ಬದುಕು.

1965ರ ಮಾರ್ಚ್‌ನಲ್ಲಿ ಅವರು ತೀರಿಕೊಂಡರು. ವಿಜಾಪುರದ ಅಮೀರ್ ಟಾಕೀಸು ಅವರ ಹೆಸರಿನದು. ರಹಮತ್ ತರೀಕೆರೆಯವರು ಬರೆದ ಜೀವನಚರಿತ್ರೆ ಕನ್ನಡದಲ್ಲಿದೆ.

ಈ ವರ್ಷದ ಗ್ಯಾದರಿಂಗಿನಲ್ಲಿ ಅಜ್ಜಿಯ ಪಾತ್ರಕ್ಕೆ ಯಾವ ಹುಡುಗಿಯೂ ಒಪ್ಪಲಿಲ್ಲ. ಕೊನೆಗೆ ಎಂಟನೆಯತ್ತೆಯ ಒಬ್ಬಳು ತಾನಾಗಿ ಬಂದಳು. ಅವ್ವನ ಹಳೆಯ ಇಳಕಲ್ ಸೀರೆಯನ್ನೇ ಉಡಿಸಿದೆ. ಮುಂದಿನ ಸಾಲಿನಲ್ಲಿ ಕೂತಿದ್ದ ಅವ್ವ ನನ್ನ ಕಡೆ ಬಾಗಿ, "ಆಕಿಗೆ ಹಾಡಿಲ್ಲೇನವಾ?" ಎಂದು ಕೇಳಿದಳು.