ಮೃಚ್ಛಕಟಿಕವೂ ಮೂಕಚಿತ್ರವೂ

ಭರತಮುನಿಯು ಅಭಿನಯವನ್ನು ಆಂಗಿಕ, ವಾಚಿಕ, ಆಹಾರ್ಯ, ಸಾತ್ತ್ವಿಕಗಳೆಂದು ನಾಲ್ಕಾಗಿ ವಿಂಗಡಿಸಿ, ವಾಕ್ಕನ್ನು ನಾಟ್ಯದ ಶರೀರವೆಂದು ಕರೆದಿರುವನು. ಆ ಶರೀರವನ್ನೇ ತೊರೆದ ಮೇಲೆ ನಾಟಕವು ಉಳಿಯಬಲ್ಲುದೆ? 1931ರಲ್ಲಿ ಶೂದ್ರಕನ ಮೃಚ್ಛಕಟಿಕವು ಮೋಹನ ಭವನಾನಿಯವರ ನಿರ್ದೇಶನದಲ್ಲಿ ‘ವಸಂತಸೇನಾ’ ಎಂಬ ಮೂಕಚಿತ್ರವಾದಾಗ ಈ ಪ್ರಶ್ನೆಯು ಕನ್ನಡಿಗರೆದುರು ಪ್ರತ್ಯಕ್ಷವಾಗಿ ನಿಂತಿತು. ಟಿ. ಪಿ. ಕೈಲಾಸಂ, ಕಮಲಾದೇವಿ ಚಟ್ಟೋಪಾಧ್ಯಾಯ, ಏಣಾಕ್ಷಿ ರಾಮರಾವ್ ಮೊದಲಾದವರು ಅದರಲ್ಲಿ ಪಾತ್ರವಹಿಸಿದ್ದರು.

ಈ ರೂಪಕವು ಮೂಕಚಿತ್ರಕ್ಕೆ ಒದಗಿದುದು ಆಶ್ಚರ್ಯವಲ್ಲ. 1903ರಲ್ಲಿ ಅಮೆರಿಕಾದ ಎಡ್ವಿನ್ ಪೋರ್ಟರನು ರೈಲುಗಾಡಿಯ ದರೋಡೆಯನ್ನು ಕುರಿತ ಸುಮಾರು 12 ನಿಮಿಷಗಳ ಚಿತ್ರವನ್ನು ತೆಗೆದನು. ಆ ದೇಶದ ಪಶ್ಚಿಮಸೀಮೆಯ ಕಥಾಚಿತ್ರಗಳ ಪರಂಪರೆಗೆ ಅದು ಆದಿಮಾದರಿಗಳಲ್ಲೊಂದು. ಕಳವು, ಪಲಾಯನ, ಬೆನ್ನಟ್ಟುವಿಕೆ, ಕಾಳಗ, ಇವಿಷ್ಟೇ ಅದರ ವಸ್ತು. ಕಣ್ಣಿದ್ದವನಿಗೆ ವ್ಯಾಖ್ಯಾನ ಬೇಡ. ಮೃಚ್ಛಕಟಿಕದ ಹತ್ತು ಅಂಕಗಳಲ್ಲಿಯೂ ಇಂತಹ ಕ್ರಿಯೆಗಳು ಹೇರಳವಾಗಿವೆ: ಶರ್ವಿಲಕನು ಗೋಡೆಗೆ ಕನ್ನವಿಕ್ಕುವನು, ಆರ್ಯಕನು ಸಂಕಲೆ ಹರಿದು ಓಡುವನು, ಬಂಡಿಗಳು ಅದಲುಬದಲಾಗುವುವು, ಶಕಾರನು ವಸಂತಸೇನೆಯ ಕೊರಳನ್ನು ಹಿಸುಕುವನು, ವಧ್ಯಸ್ಥಾನದಲ್ಲಿ ಕಡೆಯ ಗಳಿಗೆಯಲ್ಲಿ ಅವಳೇ ಬಂದು ಚಾರುದತ್ತನನ್ನು ಉಳಿಸುವಳು.

ಆದರೆ ನಷ್ಟವೂ ಅಲ್ಪವಲ್ಲ. ವ್ಯಾಖ್ಯಾನಕಾರನಾದ ಪೃಥ್ವೀಧರನು ಈ ರೂಪಕದಲ್ಲಿ ಸಂಸ್ಕೃತವಲ್ಲದೆ ಶೌರಸೇನಿ, ಆವಂತಿಕೆ, ಪ್ರಾಚ್ಯೆ, ಮಾಗಧಿ, ಶಾಕಾರಿ, ಚಾಂಡಾಲಿ, ಢಕ್ಕಿ ಎಂಬ ಏಳು ನುಡಿಗಳನ್ನು ಎಣಿಸಿರುವನು. ಸಕಾರವನ್ನೆಲ್ಲ ಶಕಾರವಾಗಿಸಿ, ದ್ರೌಪದಿಯನ್ನು ರಾಮನಿಗೆ ಹೆದರಿಸುವ ರಾಜಶ್ಯಾಲನ ಮೌಢ್ಯವು ಅವನ ನಾಲಗೆಯಲ್ಲಿರುವುದೇ ಹೊರತು ಮುಖದಲ್ಲಿಲ್ಲ. ಮೂಕಚಿತ್ರದ ಅಕ್ಷರಫಲಕವು ಅರ್ಥವನ್ನು ತಿಳಿಸೀತು, ಉಚ್ಚಾರವನ್ನು ಕೇಳಿಸಲಾರದು. ಆಡುಮಾತನ್ನು ಕನ್ನಡ ರಂಗಭೂಮಿಗೆ ತಂದು ಕೀರ್ತಿಪಡೆದ ಕೈಲಾಸಂ ಅವರೇ ಈ ಮಾತಿಲ್ಲದ ಚಿತ್ರದಲ್ಲಿದ್ದುದು ವಿಧಿವಿಲಾಸವೆನ್ನಬೇಕು.

ಇತ್ತ ತೋರಣಗಲ್ಲು, ಹೊಸಪೇಟೆ, ಹಂಪೆಗಳನ್ನೊಳಗೊಂಡ ಬಳ್ಳಾರಿ ಸೀಮೆಯ ರಂಗಭೂಮಿಯೂ ವಾಕ್ಪ್ರಧಾನವಾದುದೇ. ಧರ್ಮವರಂ ಕೃಷ್ಣಮಾಚಾರ್ಯರೂ, ವಿಜಯನಗರದ ರಾಮರಾಜನ ಕಥೆಯನ್ನು ತೆಲುಗು ನಾಟಕವಾಗಿಸಿದ ಕೋಲಾಚಲಂ ಶ್ರೀನಿವಾಸರಾಯರೂ ಅಲ್ಲಿನವರು. ಆ ನಾಟಕದ ಪಠಾಣ ಪಾತ್ರದಿಂದ ಪ್ರಖ್ಯಾತರಾದ ಬಳ್ಳಾರಿ ರಾಘವರು (1880–1946) 1936ರಲ್ಲಿ ‘ದ್ರೌಪದೀ ಮಾನಸಂರಕ್ಷಣಂ’ ಎಂಬ ತೆಲುಗು ಚಿತ್ರದಲ್ಲಿ ನಟಿಸುವ ವೇಳೆಗೆ ತೆರೆಗೆ ನಾಲಗೆ ಬಂದಿದ್ದಿತು. ‘ವಸಂತಸೇನಾ’ ತೆರೆಕಂಡ 1931ರಲ್ಲಿಯೇ ಮಾತನಾಡುವ ‘ಆಲಂ ಆರಾ’ ಬಂದಿತು. 1934ರಲ್ಲಿ ಕನ್ನಡದ ‘ಸತಿ ಸುಲೋಚನಾ’ ಬಂದಿತು.

ಮೊದಲು ಕೇಳಿದ ಪ್ರಶ್ನೆಗೆ ಶೂದ್ರಕನೇ ಉತ್ತರವನ್ನಿತ್ತಿರುವನು. ನ್ಯಾಯಸಭೆಯಲ್ಲಿ ಮೈತ್ರೇಯನ ಕಂಕುಳಿನಿಂದ ವಸಂತಸೇನೆಯ ಒಡವೆಗಳು ಕೆಳಗುರುಳುವುವು, ಸಭೆಯೆಲ್ಲ ನೋಡುವುದು, ಚಾರುದತ್ತನು ಕೊಲೆಗಾರನೆನಿಸುವನು. ಆ ಒಡವೆಗಳು ಅಲ್ಲಿಗೆ ಬಂದ ಬಗೆಯಾದರೋ ಬೇರೆ. ಹೊನ್ನಿನ ಬಂಡಿಗಾಗಿ ಅಳುತ್ತಿದ್ದ ರೋಹಸೇನನು, ತನ್ನ ತಾಯಿಯಾದರೆ ಇವಳ ಮೈಮೇಲೆ ಇಷ್ಟು ಒಡವೆಗಳೇಕೆಂದು ಕೇಳಿದನು. ಆ ಒಂದು ಮಾತಿಗೆ ಕರಗಿ ವಸಂತಸೇನೆಯು ಅವೆಲ್ಲವನ್ನೂ ಕಳಚಿ ಮಣ್ಣಿನ ಬಂಡಿಯಲ್ಲಿ ತುಂಬಿದಳು. ಒಡವೆಗಳನ್ನು ಸಭೆಯು ಕಂಡಿತು. ಮಗುವಿನ ಮಾತನ್ನು ಕೇಳಿರಲಿಲ್ಲ. ಕಂಡುದೊಂದೇ ಪ್ರಮಾಣವಾದೆಡೆ ನಿರಪರಾಧಿಗೆ ಶೂಲವು ಸಿದ್ಧವಾಯಿತು. ಮೂಕಚಿತ್ರವು ಮೃಚ್ಛಕಟಿಕದ ಕ್ರಿಯೆಯನ್ನು ಉಳಿಸಿಕೊಳ್ಳಬಲ್ಲುದು. ಅದರ ಕರುಣೆಗೆ ಆ ಎಳೆಯ ನಾಲಗೆಯೇ ಬೇಕು.